ಫ್ರಿಜ್ಜಿನೊಳಗಿನ ಕೀ

ಫೆಬ್ರವರಿ 11, ಸಂಜೆ 7.20

ಕ್ಯಾಮೆರಾದ ಎರಡೂ ಕಾರ್ಡ್ ಕಾಪಿಗೆ ಹಾಕಿದೆ. ಇನ್ನೂ ನಲವತ್ತು ನಿಮಿಷ ಅನ್ನುತ್ತಿದೆ. ಬ್ಯಾಟರಿಗಳು ಚಾರ್ಜಿಗೆ. ಅಪ್ಪನಿಗೆ ಊಟ ಬಡಿಸಿ ಬಂದೆ.

ಇವತ್ತು ಟೇಲರಮ್ಮ ಬಾಯಿ ಬಿಟ್ಟಳು. ನದಿಯಲ್ಲಿ ಲಾಂಚ್ ಮುಳುಗಿ ಆರು ವರ್ಷ, ನಾನು ಈ ಡಾಕ್ಯುಮೆಂಟರಿ ಹಿಡಿದು ಮೂರು ವರ್ಷ. ಸತ್ತವರು ಇಪ್ಪತ್ತಾರು ಜನ. ಹನ್ನೊಂದು ಮನೆಯವರು ಕ್ಯಾಮೆರಾ ಮುಂದೆ ಕೂತಾಗಿದೆ. ಇವಳು ಮಾತ್ರ ಗಿರಾಕಿಗಳ ಬಗ್ಗೆ, ಕಾಜಾ ಗುಂಡಿಗಳ ಬಗ್ಗೆ ಎಷ್ಟು ಬೇಕಾದರೂ ಮಾತಾಡುತ್ತಾಳೆ, ಮಗಳ ಹೆಸರೆತ್ತಿದರೆ ಮಿಷನ್ ತುಳಿಯಲು ಶುರು ಮಾಡುತ್ತಾಳೆ. ಇವತ್ತು ತಾನಾಗಿಯೇ, ‘ಮುಖ ತೊಳ್ಕೊಂಡು ಬರ್ತೀನಿ ಅಕ್ಕ’ ಅಂತ ಎದ್ದಳು. ಇವತ್ತು ಹೇಳುತ್ತಾಳೆ ಅಂತ ಎದ್ದ ರೀತಿಯಲ್ಲೇ ಗೊತ್ತಾಯಿತು.

ಅಷ್ಟರಲ್ಲಿ ಕಿವಿ — ಅವನನ್ನು ನಾವು ಕರೆಯುವುದೇ ಹಾಗೆ — ಕೋಣೆಯ ಸದ್ದನ್ನೆಲ್ಲ ಅಡಗಿಸಿದ. ಹದಿನೆಂಟು ವರ್ಷದಿಂದ ನನ್ನ ಸೌಂಡಿನವನು, ಇನ್ನೂ ಹೊಸಬನ ಹಾಗೆ ಮೂಲೆ ಮೂಲೆಗೆ ಕಿವಿ ಕೊಡುತ್ತಾನೆ. ಫ್ಯಾನ್ ನಿಂತಿತು. ಗೋಡೆ ಗಡಿಯಾರ ಹೊರಗೆ ಹೋಯಿತು. ಉಳಿದದ್ದು ಫ್ರಿಜ್. ಮನೆಯವರನ್ನು ಕೇಳದೆ ಅದನ್ನು ಮುಟ್ಟುವುದಿಲ್ಲ ಅನ್ನುವುದು ಅವನ ನಿಯಮ. ಕೇಳಲು ಹೊರಟಿದ್ದ. ನಾನೇ ತಡೆದೆ. ‘ಈಗ ಹೋಗಿ ಫ್ರಿಜ್ಜು ಗಿಜ್ಜು ಅಂತ ಶುರು ಮಾಡ್ಬೇಡ ಪುಣ್ಯಾತ್ಮ, ಅವಳ ಮೂಡ್ ಹೋಗುತ್ತೆ.’

ಸ್ವಿಚ್ ಆಫ್ ಮಾಡಿದ. ಜೀಪಿನ ಕೀ ಒಳಗೆ ಬೆಣ್ಣೆ ಡಬ್ಬಿಯ ಪಕ್ಕ ಇಟ್ಟ. ನಮ್ಮಿಬ್ಬರ ಹಳೆಯ ಉಪಾಯ — ಕೀ ಇಲ್ಲದೆ ಹೊರಡಲಾಗದು, ಕೀ ಬೇಕಾದರೆ ಫ್ರಿಜ್ ತೆಗೆಯಲೇಬೇಕು, ತೆಗೆದಾಗ ಸ್ವಿಚ್ ನೆನಪಾಗಲೇಬೇಕು. ಇಲ್ಲಿಯವರೆಗೆ ಯಾರ ಮನೆಯ ಹಾಲೂ ಕೆಟ್ಟಿಲ್ಲ.

ಅವಳು ಹೇಳಿದ್ದು ಇಷ್ಟು. ಮಗಳು — ಸಣ್ಣಿ ಅಂತ ಕರೆಯುತ್ತಿದ್ದರು, ಹದಿನಾಲ್ಕು ವರ್ಷ — ಹಿಂದಿನ ದಿನ ಲೋಟಕ್ಕೆ ನಿಂಬೆ ಶರಬತ್ತು ಹಾಕಿ, ಮಧ್ಯೆ ಚಮಚ ನಿಲ್ಲಿಸಿ ಫ್ರೀಜರಿಗೆ ಇಟ್ಟಿದ್ದಳು. ಬೆಳಿಗ್ಗೆ ಹೊರಡುವ ಗಡಿಬಿಡಿಯಲ್ಲಿ ತೆಗೆದು ಒಂದು ಸಲ ಕಚ್ಚಿದಳು. ಬಟ್ಟಲಲ್ಲಿ ಮಲಗಿಸಿ ಮತ್ತೆ ಒಳಗಿಟ್ಟಳು. ‘ಉಳಿದಿದ್ದು ಸಂಜೆಗೆ. ಅಪ್ಪಂಗೆ ಕೊಟ್ಟೀಯ, ಹುಷಾರ್!’ ಅಂದು ಲಾಂಚಿಗೆ ಓಡಿದಳು. ಬಟ್ಟಲು ಇನ್ನೂ ಅಲ್ಲೇ ಇದೆ. ಕಚ್ಚಿದ ಗುರುತೂ ಇದೆ — ಮೇಲಿನ ನಾಲ್ಕು ಹಲ್ಲು, ಒಂದು ಸ್ವಲ್ಪ ಓರೆ. ಕರೆಂಟ್ ಹೋದಾಗ ಫ್ರೀಜರ್ ತೆಗೆಯಬಾರದು, ಅದು ಆ ಮನೆಯ ಕಾನೂನು. ಫ್ರಿಜ್ ತೊಳೆಯುವ ದಿನ ಬಟ್ಟಲು ಎದುರುಮನೆಯ ಫ್ರೀಜರಿಗೆ ಹೋಗಿ ಬರುತ್ತದೆ, ಟವೆಲಿನಲ್ಲಿ ಸುತ್ತಿಕೊಂಡು.

ಹೇಳಿ ಮುಗಿಸುವ ಹೊತ್ತಿಗೆ ಲಾರಿ ಹಾರ್ನ್. ಕಿವಿ ‘ಆಗಲಿಲ್ಲ’ ಅನ್ನುವ ಹಾಗೆ ತಲೆ ಆಡಿಸಿದ. ‘ಇನ್ನೊಂದ್ಸಲ ಹೇಳ್ತೀರಾ?’ ಅಂದೆ. ಹೇಳಿದಳು. ಎರಡನೆಯದು ಇನ್ನೂ ಚೆನ್ನಾಗಿ ಬಂತು.

ಈ ವಾಕ್ಯವನ್ನು ಒಂದು ನಿಮಿಷ ನೋಡಿದೆ. ಹೊಡೆದುಹಾಕುವುದಿಲ್ಲ. ಅನ್ನಿಸಿದ್ದು ಅದೇ.

ಬಟ್ಟಲು ತೋರಿಸಿ ಅಂದೆ. ‘ಇವತ್ತು ಆಗಲ್ಲ ಅಕ್ಕ, ತಲೆ ಸಿಡೀತಿದೆ’ ಅಂದು ಒಳಗೆ ಹೋಗಿ ಮಲಗಿಬಿಟ್ಟಳು. ಗಂಡ ಬಸ್ ಡ್ರೈವರ್, ಡ್ಯೂಟಿ ಮುಗಿಸಿ ಬರುವುದು ತಡ. ಐದೂವರೆಗೆ ನದಿಯ ಮೇಲಿನ ಬೆಳಕು ಹೋಗುತ್ತದೆ. ಕಿವಿ ಇನ್ನೂ ವೈರ್ ಸುತ್ತುತ್ತಿದ್ದ. ನಾನೇ ಕೀ ತೆಗೆದುಕೊಂಡು ಜೀಪ್ ತಿರುಗಿಸಿದೆ. ಕಟ್ಟೆಯ ಶಾಟ್ ಸಿಕ್ಕಿತು. ಹದಿನೈದು ಸೆಕೆಂಡ್, ಬಂಗಾರ.

ಫೆಬ್ರವರಿ 13, ಮಧ್ಯಾಹ್ನ 3

ಬೆಳಿಗ್ಗೆ ಎಂಟಕ್ಕೆ ಟೇಲರಮ್ಮನ ಫೋನು. ‘ಬನ್ನಿ ಅಕ್ಕ. ಕ್ಯಾಮೆರಾನೂ ತನ್ನಿ. ಇವರು ಮಾಡಿರೋ ಘನಂದಾರಿ ಕೆಲಸ ಊರೆಲ್ಲ ನೋಡ್ಲಿ.’

ಕಿವಿ ನಿನ್ನೆಯೇ ಬೇರೆಯವರ ಶೂಟಿಂಗಿಗೆ ಹೋಗಿದ್ದಾನೆ, ಬರುವುದು ತಿಂಗಳ ಕೊನೆಗೆ. ಒಬ್ಬಳೇ ಹೋದೆ.

ಬಟ್ಟಲನ್ನು ಹೊಲಿಗೆ ಮಿಷನ್ ಮೇಲೆ ಇಟ್ಟಿದ್ದಳು. ಮಂಜುಗಡ್ಡೆ ಇದೆ. ಕನ್ನಡಿಯ ಹಾಗೆ ನುಣ್ಣಗೆ. ಚಮಚ ತಳಕ್ಕೆ ಹೂತುಹೋಗಿದೆ. ಕರಗಿ, ಮತ್ತೆ ಹೆಪ್ಪುಗಟ್ಟಿದ್ದು. ಹಲ್ಲಿನ ಗುರುತಿಲ್ಲ.

‘ನಿನ್ನೆ ಬೆಳಗ್ಗೆ ಎದ್ದು ಬರ್ತೀನಿ, ಇವರ ಕೈ ಸ್ವಿಚ್ ಮೇಲೆ. ಹಾಲು ಒಡೆದಿದೆ, ನೆಲದ ತುಂಬ ನೀರು. ಆರು ವರ್ಷದಿಂದ ಬಿಸಾಕು, ಬಿಸಾಕು ಅಂತಿದ್ರು. ಬಿಸಾಕಿದ್ರು, ನೋಡಿ.’

ಡ್ರೈವರು ಖಾಕಿ ಅಂಗಿಯ ಗುಂಡಿ ಹಾಕಿಕೊಳ್ಳುತ್ತಿದ್ದರು. ‘ನಾನು ಎದ್ದಾಗ್ಲೇ ಆಫ್ ಆಗಿತ್ತು ಕಣೇ. ಆನ್ ಮಾಡ್ದೆ. ಆನ್ ಮಾಡೋದೂ ತಪ್ಪಾ?’

‘ತಾನಾಗೇ ಆಫ್ ಆಯ್ತಾ? ಸ್ವಿಚ್ಚಿಗೆ ಕೈ ಕಾಲು ಬಂದಿತ್ತಾ?’

ಅವರು ನನ್ನ ಕಡೆ ತಿರುಗಿದರು. ‘ಮೇಡಂ, ಮೊನ್ನೆ ನಿಮ್ಮವರೇನಾದ್ರೂ ಮುಟ್ಟಿದ್ರಾ?’

‘ನಾವು ಏನೇ ಮುಟ್ಟಿದ್ರೂ ಮೊದಲಿದ್ದ ಹಾಗೇ ಮಾಡಿ ಬರ್ತೀವಿ ಸಾರ್. ಅದು ನಮ್ಮ ಪದ್ಧತಿ.’

‘ಕೇಳಿದ್ರಾ?’ ಅಂದಳು ಅವಳು. ‘ಈಗ ಅವರ ತಲೆಗೆ ಕಟ್ಟೋಕೆ ನೋಡ್ತಿದಾರೆ.’

ಡ್ರೈವರು ಊಟದ ಡಬ್ಬಿ ಎತ್ತಿಕೊಂಡರು. ಬಾಗಿಲ ಹತ್ತಿರ ನಿಂತರು. ‘ಆಯ್ತು. ನಾನೇ ಮಾಡ್ದೆ ಅಂತ ಇಟ್ಕೋ.’ ಹೋದರು.

ಕ್ಯಾಮೆರಾ ಓಡುತ್ತಲೇ ಇತ್ತು. ಅವರಿಗೆ ಉತ್ತರ ಕೊಡುವಾಗಲೂ ನನ್ನ ಕಣ್ಣು ಫೋಕಸ್ ಮೇಲಿತ್ತು. ಮೂರು ವರ್ಷದ ಕೆಲಸದಲ್ಲಿ ಇಂಥ ದೃಶ್ಯ ಸಿಕ್ಕಿರಲಿಲ್ಲ. ಪಾಪ ಅನ್ನಿಸಿತು, ಹೌದು. ಆದರೆ ಜೀಪಿನಲ್ಲಿ ಬರುತ್ತಾ ಸಿಳ್ಳೆ ಹಾಕಿದೆ.

ಫೆಬ್ರವರಿ 21

ಎಡಿಟಿಂಗ್. ಜಗಳದ ದೃಶ್ಯ ನಾಲ್ಕು ನಿಮಿಷ. ಕೊನೆ ಸ್ವಲ್ಪ ಎಳೆದ ಹಾಗಿತ್ತು. ಡ್ರೈವರು ‘ನಾನೇ ಮಾಡ್ದೆ’ ಅಂದ ಕೂಡಲೇ ಕಟ್ ಮಾಡಿ ಬಟ್ಟಲಿಗೆ ಹೋದೆ. ‘ಅಂತ ಇಟ್ಕೋ’ ಹೋಯಿತು. ಲಯಕ್ಕೆ ಅದೇ ಸರಿ. ಹೇಗಿದ್ದರೂ ಮಾಡಿದ್ದು ಅವರೇ ತಾನೇ.

ಅಪ್ಪನಿಗೆ ತೋರಿಸಿದೆ. ನಲವತ್ತು ವರ್ಷ ಪತ್ರಿಕೆಯಲ್ಲಿ ಪ್ರೂಫ್ ನೋಡಿದವನು, ಸಿನಿಮಾನೂ ಹಾಗೇ ನೋಡುತ್ತಾನೆ, ಮೂಗು ಪರದೆಗೆ ತಾಗಿಸಿ.

‘ಆ ಡ್ರೈವರು ಅಷ್ಟೇ ಅಂದನಾ?’

‘ಹೂಂ.’

‘ಓಹೋ’ ಅಂದ. ಕನ್ನಡಕ ಒರೆಸಿಕೊಂಡ.

ಫೆಬ್ರವರಿ 24

ಚಿತ್ರೋತ್ಸವದ ಆಯ್ಕೆ ಸಮಿತಿಗೆ ಕಳಿಸಿದೆ. ಸೌಂಡ್ ಇನ್ನೂ ಆಗಿಲ್ಲ ಅಂತ ಒಂದು ಸಾಲು ಬರೆದೆ.

ಮಾರ್ಚ್ 3, ಸಂಜೆ

ಅಪ್ಪನಿಗೆ ಇನ್ನೂ ಊಟ ಬಡಿಸಿಲ್ಲ. ಮೊದಲು ಇದನ್ನು ಬರೆಯಬೇಕು.

ಕಿವಿ ಬಂದ. ಸೌಂಡ್ ಕೂಡಿಸಲು ಕೂತೆವು. ಜಗಳದ ದೃಶ್ಯ ಅವನು ನೋಡಿದ್ದು ಇವತ್ತೇ. ಮುಗಿಯುವ ಮುಂಚೆ ಹೆಡ್‌ಫೋನ್ ತೆಗೆದ.

‘ಮೇಡಂ, ಇದು ಯಾವತ್ತಿಂದು?’

‘ಹದಿಮೂರು.’

‘ನಾವು ಹೋಗಿದ್ದು ಹನ್ನೊಂದು. ಸ್ವಿಚ್ ಆಫ್ ಆಗಿದ್ದು ಹನ್ನೆರಡರ ಬೆಳಗ್ಗೆ ಗೊತ್ತಾಯ್ತು ಅಂತಾರೆ.’ ನನ್ನ ಕಡೆ ತಿರುಗಿದ. ‘ಫ್ರಿಜ್ ನೀವು ಆನ್ ಮಾಡಿದ್ರಿ ತಾನೇ?’

‘ಅದು ಯಾವಾಗ್ಲೂ ನೀನಲ್ವಾ ಮಾಡೋದು?’

‘ಕೀ ತೆಗ್ದವರು ಮಾಡೋದು ಮೇಡಂ. ಯಾವಾಗ್ಲೂ ನಾನೇ ತೆಗೀತಿದ್ದೆ. ಅವತ್ತು ನೀವು ತೆಗೆದ್ರಿ.’

ಹನ್ನೊಂದರ ಸೌಂಡ್ ಫೈಲ್ ಪೂರ್ತಿ ಹಾಕಿದೆವು. ಅವನು ವೈರ್ ಸುತ್ತಿ ಮುಗಿಸುವವರೆಗೂ ರೆಕಾರ್ಡರ್ ನಿಲ್ಲಿಸುವುದಿಲ್ಲ, ಅದೊಂದು ಚಾಳಿ. ಮೊದಲು ಟಕ್. ಫ್ರಿಜ್ ನರಳಿ ನಿಲ್ಲುತ್ತದೆ. ಅವಳ ಕಥೆ. ಲಾರಿ. ‘ಇನ್ನೊಂದ್ಸಲ ಹೇಳ್ತೀರಾ?’ ಮತ್ತೆ ಕಥೆ. ಆಮೇಲೆ ಕೋಣೆಯ ಬರಿ ಮೌನ, ಅರ್ಧ ನಿಮಿಷ — ಮಾತುಗಳ ನಡುವೆ ತೇಪೆ ಹಾಕಲು ಕಿವಿ ಎಲ್ಲ ಕಡೆ ಹಿಡಿದುಕೊಳ್ಳುತ್ತಾನೆ. ಆಮೇಲೆ ಫ್ರಿಜ್ ಬಾಗಿಲು. ಕೀಗೊಂಚಲು. ನನ್ನ ದನಿ: ‘ಬೇಗ, ಬೇಗ, ಬೆಳಕು ಹೋಗುತ್ತೆ.’ ಬಾಗಿಲು ಮುಚ್ಚಿತು. ಚಪ್ಪಲಿ. ದೂರದಲ್ಲಿ ಜೀಪು.

ಎರಡನೇ ಟಕ್ ಇಲ್ಲ.

ಮೂರು ಸಲ ಕೇಳಿದೆವು. ಮೂರು ಸಲವೂ ಇಲ್ಲ.

ಕಿವಿ ತಲೆ ಮೇಲೆ ಕೈ ಹೊತ್ತು ಕೂತ. ‘ಫ್ರೀಜರು, ಫ್ರೀಜರು ಅಂತ ಎರಡು ಸಲ ಹೇಳಿದಾರೆ. ನನ್ನ ಹೆಡ್‌ಫೋನಲ್ಲೇ ಬಂದಿದೆ. ನಾನು ಸೌಂಡ್ ಕೇಳ್ತಿದ್ದೆ ಮೇಡಂ, ಮಾತು ಕೇಳ್ಲಿಲ್ಲ.’

ನಾನು ಮಾತು ಕೇಳುತ್ತಿದ್ದೆ. ಒಂದೊಂದು ಅಕ್ಷರವೂ ಕೇಳಿದ್ದೆ. ಅವಳು ಆ ಬಟ್ಟಲಿನ ಕಥೆ ಹೇಳುತ್ತಿದ್ದಾಗ ಹತ್ತು ಹೆಜ್ಜೆ ಆಚೆ ಅದು ಕರಗುತ್ತಿತ್ತು. ಎರಡು ಸಲ ಹೇಳಿಸಿದೆ.

ಮಾರ್ಚ್ 4

ಹಲ್ಲುಜ್ಜುವಾಗ ನೆನಪಾಯಿತು. ಕೀ ತೆಗೆಯಲು ಬಾಗಿಲು ತೆಗೆದಾಗ ಒಳಗಿನ ಬಲ್ಬ್ ಹತ್ತಿರಲಿಲ್ಲ. ಕತ್ತಲಲ್ಲಿ ತಡಕಾಡಿದ್ದೆ. ಬೆಣ್ಣೆ ಡಬ್ಬಿಗೆ ಬೆರಳು ತಾಗಿತ್ತು, ಡಬ್ಬಿ ತಣ್ಣಗಿರಲಿಲ್ಲ.

ಅಂದರೆ ನೋಡಿದ್ದೆ. ಮರೆತೆ ಅನ್ನುವುದು ಪೂರ್ತಿ ನಿಜವಲ್ಲ.

ಮಾರ್ಚ್ 5

ಹೇಳಬೇಕು. ಹೇಳುತ್ತೇನೆ. ಸಮಿತಿಯ ಉತ್ತರ ಬರಲಿ, ಆಮೇಲೆ.

ಯಾಕೆ ಆಮೇಲೆ ಅಂತ ಬರೆಯಲು ಹೊರಟು ಪೆನ್ನು ಮುಚ್ಚಿದೆ.

ಮಾರ್ಚ್ 9

ಆಯ್ಕೆಯಾಗಿದೆ. ಪತ್ರದಲ್ಲಿ ಒಂದು ಸಾಲು: ‘ಗಂಡ ಒಪ್ಪಿಕೊಳ್ಳುವ ದೃಶ್ಯ ಇಡೀ ಚಿತ್ರದ ಜೀವಾಳ.’

ಒಪ್ಪಿಕೊಳ್ಳುವ.

ಟೇಲರಮ್ಮನ ಒಪ್ಪಿಗೆ ಪತ್ರಕ್ಕೆ ಇನ್ನೂ ಸಹಿ ಆಗಿಲ್ಲ. ಹದಿನೈದರೊಳಗೆ ಕಳಿಸಬೇಕಂತೆ.

ಮಾರ್ಚ್ 10, ಮಧ್ಯಾಹ್ನ

ಹೇಳಲೆಂದೇ ಹೋದೆ. ಅಷ್ಟು ನಿಜ. ಪತ್ರವೂ ಚೀಲದಲ್ಲಿತ್ತು. ಅದೂ ನಿಜ.

ಯಾವುದೋ ಮಗುವಿನ ಯೂನಿಫಾರ್ಮಿಗೆ ಮಡಿಕೆ ಹಿಡಿಯುತ್ತಿದ್ದಳು. ಬಾಯಲ್ಲಿ ಗುಂಡುಪಿನ್ನು. ಡ್ರೈವರು ಮನೆಯಲ್ಲಿಲ್ಲ, ಬರುವುದೂ ಇಲ್ಲ.

‘ಡಿಪೋದಲ್ಲೇ ಮಲಗ್ತಾರೆ. ಮಲಗ್ಲಿ. ಊಟ ಡಬ್ಬಿಗೆ ಹಾಕಿ ಬಾಗಿಲಾಚೆ ಇಡ್ತೀನಿ. ಸಂಜೆ ತೊಳೆದು ತಂದು ಅಲ್ಲೇ ಇಟ್ಟು ಹೋಗ್ತಾರೆ. ನಾನೂ ಮಾತಾಡ್ಸಲ್ಲ, ಅವರೂ ಮಾತಾಡ್ಸಲ್ಲ.’

‘ಎಷ್ಟು ದಿನ ಹೀಗೆ, ಟೇಲರಮ್ಮ?’

‘ಅವರು ಒಪ್ಕೊಳ್ಳೋವರೆಗೂ. ನಿಮ್ಮ ಮುಂದೆ ವ್ಯಂಗ್ಯಕ್ಕೆ ಅಂದ್ರಲ್ಲ, ಹಾಗಲ್ಲ. ನೆಟ್ಟಗೆ ಒಪ್ಕೊಂಡ್ರೆ ಮುಗೀತು. ಕರಗಿದ್ದಕ್ಕಲ್ಲ ಅಕ್ಕ ನಂಗೆ ಸಿಟ್ಟು. ಸುಳ್ಳು ಹೇಳಿದ್ದಕ್ಕೆ.’

ನಾಲಿಗೆ ತುದಿಗೆ ಬಂದಿತ್ತು. ‘ಟೇಲರಮ್ಮ’ ಅಂದೆ. ಅವಳು ನನ್ನ ಚೀಲದ ಕಡೆ ನೋಡಿದಳು. ‘ಹಾಂ, ಸೈನ್ ಹಾಕ್ಬೇಕು ಅಂದಿದ್ರಲ್ಲ ಫೋನಲ್ಲಿ. ಎಲ್ಲಿ, ತನ್ನಿ.’

ಕೊಟ್ಟೆ. ಓದಿ ನೋಡಿ ಅಂದೆ.

‘ಓದಿ ಏನಾಗ್ಬೇಕು? ನೀವು ಸುಳ್ಳು ಬರೀತೀರಾ?’

ಸಹಿ ಹಾಕಿದಳು. ಬೆರಳಿನ ಸೀಮೆಸುಣ್ಣ ಕಾಗದಕ್ಕೆ ಹತ್ತಿತು. ಚೀಲಕ್ಕೆ ಹಾಕಿ ಜಿಪ್ ಎಳೆದೆ. ಚಹಾ ಕೊಟ್ಟಳು, ಕುಡಿದೆ. ಬಂದೆ.

ಮಾರ್ಚ್ 12, ಬೆಳಿಗ್ಗೆ

ಅಪ್ಪ ಕೆಂಪು ಪೆನ್ನು ಹಿಡಿದು ಪೇಪರ್ ಓದುತ್ತಿದ್ದ. ನಿವೃತ್ತಿಯಾಗಿ ಇಪ್ಪತ್ತು ವರ್ಷವಾದರೂ ತಪ್ಪು ತಿದ್ದದೆ ಕಾಫಿ ಇಳಿಯುವುದಿಲ್ಲ.

‘ಇಲ್ನೋಡು. ನಿನ್ನೆ ಮೂರನೇ ಪುಟದಲ್ಲಿ ದಪ್ಪಕ್ಷರದಲ್ಲಿ ಒಬ್ಬನ ಮಾನ ಕಳೆದ್ರು. ಇವತ್ತು ಎಂಟನೇ ಪುಟದಲ್ಲಿ, ಟೆಂಡರ್ ಜಾಹೀರಾತಿನ ಕೆಳಗೆ, ಇರುವೆ ಗಾತ್ರದಲ್ಲಿ ತಿದ್ದುಪಡಿ. ಪ್ರಮಾದಕ್ಕೆ ವಿಷಾದಿಸುತ್ತೇವೆ ಅಂತೆ. ಯಾರಿಗೆ ಕಾಣ್ಬೇಕು ಇದು?’

‘ನೀನಾಗಿದ್ರೆ ಎಲ್ಲಿ ಹಾಕ್ತಿದ್ದೆ ಅಪ್ಪ?’

‘ತಪ್ಪು ಯಾರು ಓದಿದ್ರೋ ಅವರ ಕಣ್ಣಿಗೆ ಬೀಳೋ ಕಡೆ. ಇನ್ನೆಲ್ಲಿ?’ ಪುಟ ತಿರುಗಿಸಿದ. ಆಮೇಲೆ ತಲೆ ಎತ್ತದೆಯೇ ಕೇಳಿದ: ‘ಆ ಡ್ರೈವರು ಇನ್ನೇನೋ ಅಂದಿದ್ದ, ಅಲ್ವೇನಮ್ಮ? ಬಾಯಿ ಇನ್ನೂ ತೆರೆದೇ ಇತ್ತು, ಅಷ್ಟರಲ್ಲಿ ಕತ್ತರಿ ಬಿತ್ತು.’

ಅವನ ಪಕ್ಕದಲ್ಲಿದ್ದ ಪುಟಗಳನ್ನು ಜೋಡಿಸಿಟ್ಟೆ.

‘ಬರೆದದ್ದು ಎಲ್ಲರಿಗೂ ಕಾಣುತ್ತೆ. ಬಿಟ್ಟಿದ್ದು ಕಾಣೋದು ಪ್ರೂಫ್ ನೋಡೋನಿಗೆ. ಕಾಫಿ ತಣ್ಣಗಾಯ್ತು, ಇನ್ನೊಂದು ಲೋಟ ಕೊಡು.’

ಬೈದಿದ್ದರೆ ವಾಸಿಯಿತ್ತು.

ಮಾರ್ಚ್ 14

ಕಿವಿಯ ಫೋನು.

‘ಹೇಳಿದ್ರಾ?’

‘ಇನ್ನೂ ಇಲ್ಲ.’

‘ಭಾನುವಾರ ಕಳೀಲಿ ಮೇಡಂ. ಸೋಮವಾರ ನಾನೇ ಹೋಗ್ತೀನಿ.’

‘ಹೆದರಿಸ್ತಿದೀಯಾ?’

‘ನಿಮ್ಮನ್ನ ಹೆದರಿಸಿ ನಾನೆಲ್ಲಿ ಬದುಕ್ಲಿ? ಹದಿನೆಂಟು ವರ್ಷ ಕೇಳೋ ಕೆಲಸ ಮಾಡಿದೀನಿ. ಈಗ ನಮ್ಮನೆ ಫ್ರಿಜ್ ಸದ್ದು ನಿಂತ್ರೆ ಎದ್ದು ಹೋಗಿ ಸ್ವಿಚ್ ಮುಟ್ಟಿ ನೋಡ್ತೀನಿ. ಹೆಂಡ್ತಿ ಕೇಳ್ತಾಳೆ, ಏನಾಯ್ತ್ರೀ ಅಂತ. ಏನು ಹೇಳ್ಲಿ?’

‘ಸಿನಿಮಾ ಹೋಗುತ್ತೆ ಕಣೋ. ಮೂರು ವರ್ಷ.’

‘ಹೋಗ್ಬಹುದು’ ಅಂದ. ‘ಅವರು ಆರು ವರ್ಷ ಇಟ್ಕೊಂಡಿದ್ರು ಮೇಡಂ.’

ಫೋನ್ ಇಟ್ಟ. ನನಗಿಂತ ಮುಂಚೆ ಅವನು ಇಟ್ಟದ್ದು ಇದೇ ಮೊದಲು.

ಮಾರ್ಚ್ 15

‘ಅಂತ ಇಟ್ಕೋ’ ವಾಪಸ್ ಹಾಕಿದೆ. ಒಂದೂಕಾಲು ಸೆಕೆಂಡ್. ನೋಡಿದೆ. ಲಯ ಎಲ್ಲೂ ಕೆಟ್ಟಿಲ್ಲ.

ಆಮೇಲೆ ದೃಶ್ಯವನ್ನೇ ತೆಗೆದೆ. ಸಮಿತಿಗೆ ಪತ್ರ ಬರೆದೆ: ಆ ದೃಶ್ಯದಲ್ಲಿರುವ ಆರೋಪ ನಿಜವಲ್ಲ, ಅದಕ್ಕೆ ಕಾರಣ ನಾವೇ, ಚಿತ್ರವನ್ನು ಹಿಂತೆಗೆದುಕೊಳ್ಳುತ್ತಿದ್ದೇನೆ. ನಾಲ್ಕು ಸಾಲು. ನಾಲ್ಕು ಸಾಲಿಗೆ ಮಧ್ಯಾಹ್ನವೆಲ್ಲ ಬೇಕಾಯಿತು. ಮೂರನೆಯ ಸಾಲಿನಲ್ಲಿ ಮೊದಲು ‘ತಾಂತ್ರಿಕ ದೋಷ’ ಅಂತ ಬರೆದಿದ್ದೆ.

ಕಳಿಸಿದೆ. ಇದು ಸುಲಭದ್ದು. ಅವರು ನನ್ನ ಮುಖ ನೋಡುವುದಿಲ್ಲ.

ಮಾರ್ಚ್ 16, ಭಾನುವಾರ, ಸಂಜೆ 5.25

ಟೇಲರಮ್ಮನ ಮನೆ. ಕ್ಯಾಮೆರಾ ತಂದಿಲ್ಲ. ತರಲೋ ಅಂತ ಒಂದು ಕ್ಷಣ ಯೋಚಿಸಿದ್ದೆ ಅನ್ನುವುದನ್ನೂ ಬರೆಯಬೇಕು. ಗಿರಾಕಿಗಳು ಕೂರುವ ಸ್ಟೂಲಿನ ಮೇಲೆ ಕೂತು ಬರೆಯುತ್ತಿದ್ದೇನೆ. ಎದ್ದು ಹೋಗಲು ಅಪ್ಪಣೆಯಿಲ್ಲ, ಸುಮ್ಮನೆ ಕೂತಿರಲು ಆಗುತ್ತಿಲ್ಲ.

ನಾಲ್ಕಕ್ಕೆ ಬಂದೆ. ಬಾಗಿಲಲ್ಲೇ ಹೇಳಿದೆ. ಕೂತರೆ ಮತ್ತೆ ಚಹಾ ಕೊಡುತ್ತಾಳೆ, ಚಹಾ ಕುಡಿದರೆ ಮತ್ತೆ ಹೇಳುವುದಿಲ್ಲ.

‘ಫ್ರಿಜ್ ಆಫ್ ಮಾಡಿಸಿದ್ದು ನಾನು. ಆನ್ ಮಾಡದೆ ಹೋಗಿದ್ದೂ ನಾನೇ. ಸಾರ್ ಕೇಳಿದಾಗ ವಿಚಾರಿಸದೆ ಇಲ್ಲ ಅಂದವಳೂ ನಾನೇ. ಹದಿಮೂರು ದಿನದಿಂದ ನಂಗೆ ಗೊತ್ತು.’

ಅವಳಿಗೆ ಅರ್ಥವಾಗಲಿಲ್ಲ. ಅಥವಾ ಅರ್ಥವಾಗುವುದು ಬೇಡವಾಗಿತ್ತು. ‘ಏನಕ್ಕ ಹೀಗಂತೀರಿ, ಅವರೇನಾದ್ರೂ ಹೇಳಿಕೊಟ್ಟು ಕಳಿಸಿದ್ರಾ?’ ಅಂದಳು. ಫೋನಿನಲ್ಲಿ ಸೌಂಡ್ ಹಾಕಿ ಹೆಡ್‌ಫೋನ್ ಕೊಟ್ಟೆ. ಒಂದು ಕಿವಿಗೆ ಮಾತ್ರ ಹಿಡಿದುಕೊಂಡು ಕೇಳಿದಳು. ಪೂರ್ತಿ. ತನ್ನ ಕಥೆ ಎರಡು ಸಲ. ನಡುವೆ ಎಲ್ಲೂ ಕಣ್ಣು ಮಿಟುಕಿಸಲಿಲ್ಲ. ನನ್ನ ದನಿ ಬಂದಾಗ ನನ್ನ ಕಡೆ ನೋಡಿದಳು.

ಹೆಡ್‌ಫೋನ್ ತೆಗೆದು ಮಿಷನ್ ಮೇಲೆ ಇಟ್ಟಳು, ಮೆತ್ತಗೆ, ಒಡೆದೀತು ಅನ್ನುವ ಹಾಗೆ.

‘ಎರಡನೇ ಸಲ ಹೇಳ್ತಿದ್ದಾಗ ಕರಗ್ತಾ ಇತ್ತಾ?’

‘ಹೂಂ.’

ಅಳಲಿಲ್ಲ. ಬೈಯಲಿಲ್ಲ. ಅರ್ಧ ಹೊಲಿದ ತೋಳು ಕೈಗೆತ್ತಿಕೊಂಡಳು, ಮತ್ತೆ ಇಟ್ಟಳು.

‘ನಾನು ಅವರಿಗೆ ಏನಂದೆ ಗೊತ್ತಾ ಮೇಡಂ? ಸಣ್ಣೀನ ನೀವು ಎರಡನೇ ಸಲ ಮುಳುಗಿಸಿದ್ರಿ ಅಂದೆ. ಅವತ್ತು ಲಾಂಚ್ ಹತ್ತಿಸಿದ್ದು ಅವರೇ. ಬಸ್ ತಡ ಆಗುತ್ತೆ, ಲಾಂಚಲ್ಲಿ ಹೋಗು ಅಂದಿದ್ದು. ಆರು ವರ್ಷ ಆ ಮಾತು ನುಂಗಿದ್ದೆ. ಮೊನ್ನೆ ಬಾಯಿಂದ ಬಿತ್ತು.’

ಮೂರು ವರ್ಷದಲ್ಲಿ ಅವಳು ನನ್ನನ್ನು ಅಕ್ಕ ಅಂತಲ್ಲದೆ ಬೇರೆ ಕರೆದಿರಲಿಲ್ಲ.

ಕ್ಷಮಿಸಿ ಅಂತ ಶುರು ಮಾಡಿದೆ. ಕೈ ಅಡ್ಡ ಹಿಡಿದಳು.

‘ಅದು ಆಮೇಲೆ. ಆರು ಗಂಟೆಗೆ ಡಬ್ಬಿ ಇಡೋಕೆ ಬರ್ತಾರೆ. ಅವರ ಮುಂದೆ ಇನ್ನೊಂದ್ಸಲ ಹೇಳಿ. ನಂಗೆ ಹೇಳಿದ ಹಾಗೇ, ಒಂದಕ್ಷರ ಬಿಡದೆ.’

ಸರಿ ಅಂದೆ.

ಸಹಿ ಹಾಕಿದ ಕಾಗದ ವಾಪಸ್ ಕೊಟ್ಟೆ. ಹರಿಯಲಿಲ್ಲ. ಮಿಷನ್ ಡ್ರಾಯರಿನಲ್ಲಿ ನೂಲಿನುಂಡೆಗಳ ಜೊತೆ ಹಾಕಿದಳು.

5.40

ಫ್ರಿಜ್ ಗುಂಯ್‌ಗುಡುತ್ತಿದೆ. ನಡುನಡುವೆ ನಿಲ್ಲುತ್ತದೆ, ಮತ್ತೆ ಶುರು. ಇಷ್ಟು ದೊಡ್ಡ ಸದ್ದು ಅಂತ ಗೊತ್ತಿರಲಿಲ್ಲ. ಎಲ್ಲರ ಮನೆಯಲ್ಲೂ ಅದನ್ನು ನಿಲ್ಲಿಸಿಯೇ ಮಾತು ಕೇಳಿದ್ದು.

ನಾನು ಅತ್ತ ನೋಡುವುದನ್ನು ಅವಳು ನೋಡಿದಳು.

‘ಆಫ್ ಮಾಡ್ಬೇಕಾ ಮೇಡಂ, ಮಾತಾಡೋಕೆ?’

ಬೇಡ ಅಂದೆ.

ಅವಳು ಕನ್ನಡಿಯ ಮುಂದೆ ನಿಂತು ಕೂದಲು ಸರಿಮಾಡಿಕೊಂಡಳು. ಮುಖ ತೊಳೆದು ಬಂದಳು. ಒಂದು ಕುರ್ಚಿ ತಂದು ನನ್ನ ಎದುರಿಗೆ ಹಾಕಿದಳು, ಇನ್ನೊಂದನ್ನು ಅದರ ಪಕ್ಕಕ್ಕೆ. ಬಾಯಲ್ಲಿ ಏನೋ ಗುನುಗಿಕೊಳ್ಳುತ್ತಿದ್ದಾಳೆ, ಅಭ್ಯಾಸ ಮಾಡುವ ಹಾಗೆ. ಅವಳಿಗೂ ಗಂಡನಿಗೆ ಹೇಳುವುದಿದೆ. ನನಗಿಂತ ಕಷ್ಟದ್ದು.

ನನ್ನ ನಾಲ್ಕು ವಾಕ್ಯ ಮನಸ್ಸಿನಲ್ಲೇ ಹೇಳಿ ನೋಡಿದೆ. ಮೊದಲ ಸಲದಷ್ಟು ಸಲೀಸಾಗಿ ಬರುತ್ತಿಲ್ಲ. ಎರಡನೆಯದು ಚೆನ್ನಾಗಿ ಬಂತು ಅಂತ ಎಷ್ಟು ಜನರ ಬಗ್ಗೆ ಬರೆದಿದ್ದೇನೆ ಈ ಪುಸ್ತಕದಲ್ಲೇ —

5.52

ಗೇಟು.

ಡಬ್ಬಿ ಕೆಳಗಿಟ್ಟ ಸದ್ದು. ಅವಳು ಬಾಗಿಲಿಗೆ ಹೋದಳು, ಚಿಲಕದ ಮೇಲೆ ಕೈಯಿಟ್ಟು ನಿಂತಳು, ತೆಗೆದಳು.

‘ರೀ, ಹೋಗ್ಬೇಡಿ. ಒಳಗ್ಬನ್ನಿ. ನಾನು —’